ಹನ್ನೆರಡು ವರ್ಷಕ್ಕೇ ‘ಲೇಟಾಯ್ತು’ ಅನ್ನಬೇಡಿ

ಮೈಸೂರಿನ ಎಂ.ಎಸ್. ತೇಜ್‌ಕುಮಾರ್ ಅವರ ಹೆಸರು ನಮ್ಮ ಊರಿನಲ್ಲಿ ಎಷ್ಟು ಜನರಿಗೆ ಗೊತ್ತು? ಕರ್ನಾಟಕದ ಮೊದಲ ಚೆಸ್ ಗ್ರ್ಯಾಂಡ್‌ಮಾಸ್ಟರ್ ಅವರು, ಅಂದರೆ ಚೆಸ್ ಆಟಗಾರರಿಗೆ ಸಿಗುವ ಅತಿ ದೊಡ್ಡ ಪಟ್ಟ ಪಡೆದವರು. ಈ ಪಟ್ಟ ಬೆಂಗಳೂರಿಗೆ ಹೋಗಲಿಲ್ಲ, ಮೊದಲು ಬಂದದ್ದು ನಮ್ಮ ಮೈಸೂರಿಗೆ. ರೈಲ್ವೆ ಕೆಲಸ ಮಾಡಿಕೊಂಡೇ ಆಡುತ್ತಾ ಬಂದವರು. 2017ರಲ್ಲಿ ಪಟ್ಟ ಸಿಕ್ಕಾಗ ಅವರಿಗೆ ವಯಸ್ಸು ಮೂವತ್ತೈದು ದಾಟಿತ್ತು. ನಾನು ಇವತ್ತು ಹೇಳಬೇಕು ಅಂದುಕೊಂಡದ್ದು ಆ ವಯಸ್ಸಿನ ಬಗ್ಗೆಯೇ.

2024ರ ಡಿಸೆಂಬರ್‌ನಲ್ಲಿ ಗುಕೇಶ್ ಸಿಂಗಾಪುರದಲ್ಲಿ ಚೀನಾದ ಡಿಂಗ್ ಲಿರೆನ್ ಅವರನ್ನು ಸೋಲಿಸಿ 18ನೇ ವಯಸ್ಸಿಗೇ ವಿಶ್ವ ಚಾಂಪಿಯನ್ ಆದಮೇಲೆ ಎಲ್ಲ ಕಡೆ ಚೆಸ್ ಮಾತು. ಖುಷಿಯ ವಿಷಯವೇ. ಆದರೆ ಅದರ ಜೊತೆಗೆ ಒಂದು ಅವಸರವೂ ಮನೆಗಳಿಗೆ ನುಗ್ಗಿದೆ. ಗುಕೇಶ್ 12 ವರ್ಷ 7 ತಿಂಗಳಿಗೆ ಗ್ರ್ಯಾಂಡ್‌ಮಾಸ್ಟರ್ ಆದ, ನಮ್ಮ ಮಗು ಎಲ್ಲಿದೆ ಅನ್ನುವ ಲೆಕ್ಕ. ಇಲ್ಲೇ ಒಂದು ಟೂರ್ನಿಯಲ್ಲಿ ಒಬ್ಬರು ತಾಯಿ ನನಗೆ ಹೇಳಿದರು, “ಇವಳಿಗೆ ಹನ್ನೆರಡು ಆಯ್ತು ಸಾರ್, ಇನ್ನೇನಾಗುತ್ತೆ ಬಿಡಿ, ಈ ವರ್ಷಕ್ಕೆ ನಿಲ್ಲಿಸಿಬಿಡ್ತೀವಿ.” ಮಗಳು ಪಕ್ಕದಲ್ಲೇ ನಿಂತು ಕೇಳಿಸಿಕೊಳ್ಳುತ್ತಿದ್ದಳು. ಅವತ್ತು ಬೆಳಿಗ್ಗೆ ತಾನೇ ಆನೆ-ಕಾಲಾಳುಗಳ ಎಂಡ್‌ಗೇಮ್ ಒಂದನ್ನು ಹಟ ಹಿಡಿದು ಆಡಿ ಡ್ರಾ ಮಾಡಿಕೊಂಡಿದ್ದಳು ಆ ಹುಡುಗಿ. ನನಗೆ ತುಂಬಾ ಸಂಕಟವಾಯಿತು.

ವಿಶ್ವನಾಥನ್ ಆನಂದ್ ಗ್ರ್ಯಾಂಡ್‌ಮಾಸ್ಟರ್ ಆದದ್ದು 1988ರಲ್ಲಿ, 18ನೇ ವಯಸ್ಸಿನಲ್ಲಿ. ಭಾರತಕ್ಕೆ ಅದೇ ಮೊದಲನೆಯದು. ಈಗಿನ ಲೆಕ್ಕ ಹಿಡಿದರೆ ಆನಂದ್ ಕೂಡ ‘ಲೇಟು’ ಅನ್ನಬೇಕಾಗುತ್ತೆ, ಅಲ್ವಾ? ಅವರು ಐದು ಸಲ ವಿಶ್ವ ಚಾಂಪಿಯನ್ ಆದರು. 2013ರಲ್ಲಿ ಚೆನ್ನೈನಲ್ಲೇ ನಾರ್ವೆಯ ಕಾರ್ಲ್‌ಸನ್ ಎದುರು ವಿಶ್ವ ಪಟ್ಟ ಕಳೆದುಕೊಂಡರು, ಮುಂದಿನ ವರ್ಷ ಮತ್ತೆ ಅವರೆದುರೇ ಸೋತರು. ಇನ್ನು ಮುಗೀತು ಅಂತ ಎಷ್ಟು ಜನ ಅಂದರು ಆಗ. ಅದಾಗಿ ಮೂರು ವರ್ಷಕ್ಕೆ, 2017ರ ಡಿಸೆಂಬರ್‌ನಲ್ಲಿ, ರಿಯಾದ್‌ನಲ್ಲಿ, ಕಡಿಮೆ ಸಮಯದಲ್ಲಿ ಬೇಗ ಬೇಗ ಆಡುವ ಚೆಸ್‌ನಲ್ಲಿ, ವಿಶ್ವ ರ‍್ಯಾಪಿಡ್ ಚಾಂಪಿಯನ್ ಆದರು. ಆಗ ಅವರಿಗೆ 48. ಅದೇ ಟೂರ್ನಿಯಲ್ಲಿ ಕಾರ್ಲ್‌ಸನ್ ಅವರನ್ನೂ ಸೋಲಿಸಿದ್ದರು. ನಮ್ಮ ತೇಜ್‌ಕುಮಾರ್ ಗ್ರ್ಯಾಂಡ್‌ಮಾಸ್ಟರ್ ಆದ ವರ್ಷವೂ ಅದೇ.

ಆನಂದ್‌ಗೂ ಮೊದಲು ಮಾನ್ಯುಯೆಲ್ ಆರನ್ ಇದ್ದರು. ಇವರ ಬಗ್ಗೆ ಮಾತಾಡುವವರು ತೀರಾ ಕಮ್ಮಿ. 1961ರಲ್ಲಿ ಭಾರತದ ಮೊದಲ ಇಂಟರ್‌ನ್ಯಾಷನಲ್ ಮಾಸ್ಟರ್ (ಗ್ರ್ಯಾಂಡ್‌ಮಾಸ್ಟರ್‌ಗಿಂತ ಒಂದು ಮೆಟ್ಟಿಲು ಕೆಳಗಿನ ಪಟ್ಟ) ಆದವರು, ಒಂಬತ್ತು ಸಲ ರಾಷ್ಟ್ರೀಯ ಚಾಂಪಿಯನ್. 1962ರಲ್ಲಿ ಸ್ಟಾಕ್‌ಹೋಮ್‌ನ ಇಂಟರ್‌ಜೋನಲ್‌ಗೆ, ಅಂದರೆ ವಿಶ್ವ ಪಟ್ಟದ ಹಾದಿಯ ಅರ್ಹತಾ ಟೂರ್ನಿಗೆ, ಹೋಗಿ ಕೊನೆಯ ಸ್ಥಾನದಲ್ಲಿ ಮುಗಿಸಿದರು. ಹೌದು, ಕೊನೆಯ ಸ್ಥಾನ. ಆದರೆ ಅಲ್ಲಿ ಪೋರ್ಟಿಶ್, ಉಲ್ಮನ್ ಅನ್ನುವ ಇಬ್ಬರು ಘಟಾನುಘಟಿಗಳನ್ನು ಸೋಲಿಸಿಯೇ ಬಂದರು. ಚೆಸ್ ಕಲಿಸುವ ಕಂಪ್ಯೂಟರ್ ಎಂಜಿನ್ ಇಲ್ಲ, ಕೋಚ್ ಇಲ್ಲ, ಒಳ್ಳೆಯ ಚೆಸ್ ಪುಸ್ತಕ ಸಿಗುವುದೇ ಕಷ್ಟವಾಗಿದ್ದ ಕಾಲ. ಆಮೇಲೆ 1972ರಲ್ಲಿ ಮದ್ರಾಸಿನ ಸೋವಿಯತ್ ಸಾಂಸ್ಕೃತಿಕ ಕೇಂದ್ರದಲ್ಲಿ ಟಾಲ್ ಚೆಸ್ ಕ್ಲಬ್ ಶುರು ಮಾಡಿದರು. ಹುಡುಗ ಆನಂದ್ ಆಡಿ ಬೆಳೆದದ್ದು ಅಲ್ಲಿ. ಮುಂದೆ ಆನಂದ್ ಮಾರ್ಗದರ್ಶನದಲ್ಲಿ ಗುಕೇಶ್ ಬೆಳೆದರು. ಸ್ಟಾಕ್‌ಹೋಮ್‌ನ ಆ ಪಟ್ಟಿ ನೋಡಿ ಆರನ್ ಅವರನ್ನು ಅಳೆದವರಿಗೆ ಇದೆಲ್ಲ ಕಾಣುವುದೇ ಇಲ್ಲ. ನನ್ನ ಪ್ರಕಾರ ಭಾರತದ ಚೆಸ್‌ಗೆ ಆನಂದ್ ಎಷ್ಟು ದೊಡ್ಡವರೋ ಆರನ್ ಕೂಡ ಅಷ್ಟೇ ದೊಡ್ಡವರು.

ಸುಲ್ತಾನ್ ಖಾನ್ ಕಥೆ ಓದಿದಾಗಲೆಲ್ಲ ನನಗೆ ನಿದ್ದೆ ಬರುವುದಿಲ್ಲ. ಪಂಜಾಬಿನ ಹಳ್ಳಿಯವನು, ಸರ್ ಉಮರ್ ಹಯಾತ್ ಖಾನ್ ಅನ್ನುವ ದೊಡ್ಡ ಜಮೀನ್ದಾರರ ಆಶ್ರಯದಲ್ಲಿದ್ದವನು. ಅವನು ಕಲಿತದ್ದು ನಮ್ಮ ಹಳೆಯ ಚದುರಂಗ. ಅದರಲ್ಲಿ ಕಾಲಾಳು ಮೊದಲ ನಡೆಗೂ ಒಂದೇ ಮನೆ ಹೋಗಬೇಕು, ಎರಡು ಮನೆ ನೆಗೆಯುವ ಹಾಗಿಲ್ಲ. ಯುರೋಪಿನ ನಿಯಮಗಳನ್ನು ಅವನು ಸರಿಯಾಗಿ ಕಲಿತದ್ದೇ ಇಪ್ಪತ್ತು ದಾಟಿದಮೇಲೆ. 1929ರಲ್ಲಿ ಲಂಡನ್ನಿಗೆ ಕರೆದುಕೊಂಡು ಹೋದರು, ಅದೇ ವರ್ಷ ಬ್ರಿಟಿಷ್ ಚಾಂಪಿಯನ್ ಆದ. 1932, 1933ರಲ್ಲಿ ಮತ್ತೆ ಗೆದ್ದ. ನಡುವೆ ಹೇಸ್ಟಿಂಗ್ಸ್‌ನಲ್ಲಿ ಮಾಜಿ ವಿಶ್ವ ಚಾಂಪಿಯನ್ ಕಪಬ್ಲಾಂಕಾ ಅವರನ್ನೇ ಸೋಲಿಸಿದ. ಆ ಚಳಿ ಅವನಿಗೆ ಆಗುತ್ತಿರಲಿಲ್ಲ, ಮೇಲಿಂದ ಮೇಲೆ ಹುಷಾರು ತಪ್ಪುತ್ತಿತ್ತು. 1933ರ ಕೊನೆಗೆ ಧಣಿಯ ಜೊತೆ ಊರಿಗೆ ವಾಪಸ್ಸು. ಅಲ್ಲಿಗೆ ದೊಡ್ಡ ಚೆಸ್ ಮುಗಿಯಿತು, ಇನ್ನೂ ಮೂವತ್ತರ ಆಸುಪಾಸಿನಲ್ಲೇ. 1966ರಲ್ಲಿ ತೀರಿಕೊಂಡ. ವಿಶ್ವ ಚೆಸ್ ಸಂಸ್ಥೆ ಫಿಡೆ ಅವನಿಗೆ ಗೌರವ ಗ್ರ್ಯಾಂಡ್‌ಮಾಸ್ಟರ್ ಪಟ್ಟ ಕೊಟ್ಟದ್ದು 2024ರಲ್ಲಿ. ಅವನ ಆಟ ನಿಲ್ಲಿಸಿದ್ದು ವಯಸ್ಸಲ್ಲ. ಯಾವಾಗ ಆಡಬೇಕು, ಯಾವಾಗ ಬಿಡಬೇಕು ಅನ್ನುವುದು ಅವನ ಕೈಯಲ್ಲಿರಲಿಲ್ಲ, ಅಷ್ಟೇ.

ನಮ್ಮ ಮಕ್ಕಳ ವಿಷಯದಲ್ಲಿ ಆಗುತ್ತಿರುವುದೂ ಅದೇ. ಏಳನೇ ಕ್ಲಾಸಿನವರೆಗೆ ಟೂರ್ನಿ, ಎಂಟಕ್ಕೆ ಬಂದರೆ ಟ್ಯೂಷನ್, ಒಂಬತ್ತಕ್ಕೆ ಎಸ್ಸೆಸ್ಸೆಲ್ಸಿ ಭಯ, ಬೋರ್ಡು ಅಟ್ಟಕ್ಕೆ. ಹುಡುಗಿಯರದ್ದು ಇನ್ನೂ ಬೇಗ. ಮದುವೆ, ಮಗು ಆದಮೇಲೆ ಆಟ ಮುಗೀತು ಅಂತ ನಂಬಿರುವವರು ಕೊನೇರು ಹಂಪಿಯನ್ನು ನೋಡಲಿ. 2002ರಲ್ಲಿ 15ನೇ ವಯಸ್ಸಿಗೆ ಗ್ರ್ಯಾಂಡ್‌ಮಾಸ್ಟರ್. 2017ರಲ್ಲಿ ಮಗಳು ಹುಟ್ಟಿದಳು, ಒಂದಷ್ಟು ಕಾಲ ಆಟದಿಂದ ದೂರ ಇದ್ದರು. ಆಮೇಲೆ ಬಂದು 2019ರಲ್ಲಿ ಮಾಸ್ಕೋದಲ್ಲಿ ಮಹಿಳಾ ವಿಶ್ವ ರ‍್ಯಾಪಿಡ್ ಚಾಂಪಿಯನ್, 2024ರಲ್ಲಿ ನ್ಯೂಯಾರ್ಕ್‌ನಲ್ಲಿ ಮತ್ತೊಮ್ಮೆ. 2025ರ ಮಹಿಳಾ ವಿಶ್ವಕಪ್ ಫೈನಲ್‌ಗೂ ಬಂದರು. ಅಲ್ಲಿ ಅವರನ್ನು ಸೋಲಿಸಿದ್ದು ತಮಗಿಂತ ತುಂಬಾ ಚಿಕ್ಕವಳಾದ ನಮ್ಮದೇ ದೇಶದ ದಿವ್ಯಾ ದೇಶಮುಖ್. ಎಂಥ ಫೈನಲ್ ಅದು!

ಇನ್ನೂ ಬೇಕೆಂದರೆ ಹಳೆಯ ತಲೆಮಾರಿನ ಗ್ರ್ಯಾಂಡ್‌ಮಾಸ್ಟರ್ ಕೋರ್ಚ್‌ನಾಯ್. 2011ರಲ್ಲಿ ಜಿಬ್ರಾಲ್ಟರ್‌ನಲ್ಲಿ ಹದಿಹರೆಯದ ಗ್ರ್ಯಾಂಡ್‌ಮಾಸ್ಟರ್ ಕರುವಾನಾ ಅವರನ್ನು ಸೋಲಿಸಿದಾಗ ಆ ಅಜ್ಜನಿಗೆ 79.

ಇಷ್ಟಕ್ಕೂ ನಮ್ಮದು ಚದುರಂಗದ ಊರು. ಮುಮ್ಮಡಿ ಕೃಷ್ಣರಾಜ ಒಡೆಯರ್ ಕುದುರೆಯನ್ನು 64 ಮನೆಗಳಿಗೂ ಒಂದೊಂದೇ ಸಲ ಓಡಿಸುವ ಲೆಕ್ಕದಲ್ಲಿ ಪಳಗಿದ್ದವರು. ಜಗನ್ಮೋಹನ ಅರಮನೆಗೆ ಮಕ್ಕಳನ್ನು ಕರೆದುಕೊಂಡು ಹೋಗುವವರು ಸುಮ್ನೆ ಚಿತ್ರಗಳನ್ನು ತೋರಿಸಿ ವಾಪಸ್ಸು ಬರುತ್ತೀರಿ, ಅವರು ಕಟ್ಟಿದ ಆಟಗಳ ಬಗ್ಗೆಯೂ ಒಂದು ಮಾತು ಹೇಳಿ. ರಾಜನಿಗೆ ಪಟ್ಟವೂ ಬೇಕಿರಲಿಲ್ಲ, ರೇಟಿಂಗೂ ಬೇಕಿರಲಿಲ್ಲ. ಆಟ ಇಷ್ಟ ಇತ್ತು, ಆಡಿದರು.

ನಾನು ಕೇಳುವುದು ಎರಡೇ. ಮಗುವಿಗೆ ಇಷ್ಟ ಇದ್ದರೆ ಹತ್ತನೇ ಕ್ಲಾಸಿನಲ್ಲೂ ವಾರಕ್ಕೆ ಒಂದೆರಡು ಗಂಟೆ ಬೋರ್ಡಿನ ಮುಂದೆ ಕೂರಲು ಬಿಡಿ. ಪರೀಕ್ಷೆ ಇದ್ದಾಗ ಟೂರ್ನಿ ಬಿಡಲಿ, ಆಟವನ್ನೇ ಬಿಡುವುದು ಬೇಡ. ಇನ್ನೊಂದು, ದೊಡ್ಡವರೂ ಆಡಲು ಜಾಗ ಬೇಕು. ಕುವೆಂಪುನಗರ, ಸರಸ್ವತಿಪುರಂ, ಜಯಲಕ್ಷ್ಮೀಪುರಂ ಕಡೆಯ ಪಾರ್ಕುಗಳಲ್ಲಿ ಮನೆ ಗುರುತು ಹಾಕಿದ ನಾಲ್ಕು ಕಲ್ಲಿನ ಮೇಜು ಹಾಕಿಸಿದರೆ ಸಾಕು, ಕಾಯಿಗಳನ್ನು ನಾವೇ ತರುತ್ತೇವೆ. ಪಾಲಿಕೆಗೆ ಒಂದು ಮನವಿ ಬರೆಯುತ್ತಿದ್ದೇನೆ. ಸಹಿ ಹಾಕುವವರು, ಭಾನುವಾರ ಬೆಳಿಗ್ಗೆ ಬಂದು ಆಡುವವರು ಕೆಳಗೆ ಹೆಸರು, ಬಡಾವಣೆ ಬರೆಯಿರಿ. ವಯಸ್ಸು ಬರೆಯಬೇಡಿ.