ತಲುಪುವವರೆಗೂ ಶೇರ್ ಮಾಡಿ

ಆ ಫೋಟೊ ನಿಮ್ಮ ಗ್ರೂಪಿಗೂ ಬಂದಿರುತ್ತದೆ ಬಿಡಿ. ಸೋಫಾದ ಮೇಲೆ ಕಂದುಬಣ್ಣದ ನಾಯಿ, ಕೆಳಗೆ ‘ಈ ಮೂಕಪ್ರಾಣಿ ಸಿಕ್ಕಿದೆ, ಮಾಲೀಕರಿಗೆ ತಲುಪುವವರೆಗೂ ಶೇರ್ ಮಾಡಿ’ ಎಂಬ ಒಕ್ಕಣೆ. ಎಲ್ಲಿ ಸಿಕ್ಕಿತು? ಬರೆದಿಲ್ಲ. ಯಾವತ್ತು? ಬರೆದಿಲ್ಲ. ಫೋನ್ ನಂಬರ್? ಅದನ್ನೆಲ್ಲ ಕೇಳುವವರು ಕಲ್ಲುಹೃದಯದವರು. ನಾಯಿ ಮನೆ ಸೇರಿ, ಮುದಿಯಾಗಿ, ಮೊಮ್ಮಕ್ಕಳನ್ನು ಕಂಡಮೇಲೂ ಫೋಟೊ ಮಾತ್ರ ಬೀದಿ ಬೀದಿ ಅಲೆಯುತ್ತಿರುತ್ತದೆ.

ನಮ್ಮವರ ಹೆಬ್ಬೆರಳಿನ ಕರುಣೆಗೆ ಎಣೆಯುಂಟೆ? ಪಶುವೈದ್ಯರ ಬಳಿ ಕರೆದೊಯ್ದು ಚರ್ಮದಡಿ ಗುರುತಿನ ಚಿಪ್ ಇದೆಯೇ ನೋಡಿಸುವುದು ಕೆಲವೇ ನಿಮಿಷದ ಕೆಲಸ. ಆದರೆ ಅದಕ್ಕೆ ನಾಯಿಯನ್ನು ಎತ್ತಿಕೊಳ್ಳಬೇಕಲ್ಲ!

‘ಚಿಪ್ ಇದ್ದರೆ ಮಾಲೀಕರೇ ಮೊಬೈಲಲ್ಲಿ ನೋಡ್ಕೊಂಡು ಬರ್ತಾರೆ ಬಿಡಿ’ ಎನ್ನುವ ಪಂಡಿತರು ಪ್ರತಿ ಗ್ರೂಪಿನಲ್ಲೂ ಒಬ್ಬರಾದರೂ ಇರುತ್ತಾರೆ. ಸ್ವಾಮಿ, ಅದು ಜಿಪಿಎಸ್ ಅಲ್ಲ. ಅಕ್ಕಿಕಾಳಿನಷ್ಟು ಗಾಜಿನ ಕೊಳವೆ, ಬ್ಯಾಟರಿಯೇ ಇಲ್ಲ. ಸ್ಕ್ಯಾನರ್ ಮೈಗೆ ತಾಗುವಷ್ಟು ಹತ್ತಿರ ಬಂದಾಗ ಅದರ ಅಲೆಯಿಂದಲೇ ಎಚ್ಚೆತ್ತು ಒಂದು ನಂಬರ್ ಒಪ್ಪಿಸುತ್ತದೆ, ಸಾಮಾನ್ಯವಾಗಿ 15 ಅಂಕಿಯದು. ಹೆಸರಿಲ್ಲ, ವಿಳಾಸವಿಲ್ಲ. ಹಾಕುವುದು ಬೆನ್ನಿನ ಮೇಲೆ, ಎರಡು ಭುಜಗಳ ನಡುವೆ. ಆದರೆ ವರ್ಷ ಕಳೆದಂತೆ ಅದು ಭುಜಕ್ಕೋ ಮುಂಗಾಲಿನತ್ತಲೋ ಜಾರುವುದುಂಟು. ಬೆನ್ನ ಮೇಲೆ ಒಂದು ಸಲ ಬೀಸಿ ‘ಚಿಪ್ ಇಲ್ಲ’ ಎಂದು ತೀರ್ಪು ಕೊಡಬಾರದು. ಲೋಹದ ಪಟ್ಟಿ ಬಿಚ್ಚಿ, ಕತ್ತು, ಭುಜ, ಎದೆಯ ಎರಡೂ ಪಕ್ಕ ನಿಧಾನವಾಗಿ ಆಡಿಸಬೇಕು. ಕೆಲವು ಹಳೆಯ ಚಿಪ್‌ಗಳ ಫ್ರೀಕ್ವೆನ್ಸಿಯೇ ಬೇರೆ. ಒಂದು ಯಂತ್ರ ಸುಮ್ಮನಿದ್ದರೆ ಇನ್ನೊಂದರಲ್ಲಿ ನೋಡಿಸಿ.

ಇಷ್ಟೆಲ್ಲ ಆಗಿ ನಂಬರ್ ಸಿಕ್ಕಿತು ಅನ್ನಿ. ಮಾಲೀಕರ ವಿವರ ಇರಬೇಕಾದ ಡೇಟಾಬೇಸಿನಲ್ಲಿ ಹುಡುಕಿದರೆ ನೋಂದಣಿಯೇ ಆಗಿಲ್ಲ! ಚಿಪ್ ಹಾಕಿಸಿದ ದಿನ ಸೆಲ್ಫಿ ಹಾಕಿದ ಮಾಲೀಕ ಮಹಾಶಯರಿಗೆ ಫಾರಂ ತುಂಬಲು ಪುರುಸೊತ್ತಾಗಿಲ್ಲ. ತುಂಬಿದ್ದರೂ ಅದು ಎರಡು ಸಿಮ್ ಹಿಂದಿನ ನಂಬರ್.

ಇನ್ನು ‘ನಮ್ದೇ, ನಮ್ದೇ’ ಎಂದು ಬರುವವರ ಸಾಲು. ಎದೆಯ ಬಿಳಿ ಮಚ್ಚೆ, ಸೊಟ್ಟ ಹಲ್ಲು, ಎಲ್ಲವನ್ನೂ ಫೋಟೊದಲ್ಲಿ ಮೆರೆಸಿದಮೇಲೆ ಯಾರು ಬೇಕಾದರೂ ಮಾಲೀಕರೇ. ಒಂದು ಗುರುತನ್ನು ಮುಚ್ಚಿಡಿ. ಬಂದವರೇ ಅದನ್ನು ಹೇಳಲಿ. ಹಳೆಯ ಫೋಟೊ, ಲಸಿಕೆ ಪುಸ್ತಕ ಕೇಳಿ. ಮಾಲೀಕರೂ ಹುಷಾರಾಗಿರಬೇಕು: ‘ನಾಯಿ ನನ್ನ ಹತ್ರ ಇದೆ, ನೀವೇ ಓನರ್ ಅಂತ ಖಾತ್ರಿಗೆ ಮೊಬೈಲಿಗೆ ಬಂದ ಒಟಿಪಿ ಹೇಳಿ’ ಎನ್ನುವವನ ಹತ್ತಿರ ನಾಯಿ ಇರುವುದಿಲ್ಲ.

ಬೆಕ್ಕಿನ ಕಥೆಯೇ ಬೇರೆ. ಒಂದು ಕಿವಿಯ ತುದಿ ನೇರವಾಗಿ ಕತ್ತರಿಸಿದ್ದರೆ ಸಂತಾನಹರಣದ ಆಪರೇಷನ್ ಆದ ಬೀದಿಬೆಕ್ಕು ಎಂದರ್ಥ. ‘ಅಯ್ಯೋ, ಯಾವ ಪಾಪಿ ಕಿವಿ ಕೊಯ್ದ!’ ಎಂದು ಕಣ್ಣೀರಿಟ್ಟು, ಗೋಡೆ ಮೇಲೆ ಹಾಯಾಗಿ ಬಿಸಿಲು ಕಾಯಿಸುತ್ತಿದ್ದುದನ್ನು ‘ರಕ್ಷಿಸಿ’ ಪಂಜರಕ್ಕೆ ಹಾಕುತ್ತಾರೆ.

ಎಲ್ಲಕ್ಕಿಂತ ದೊಡ್ಡವರು ಎರಡೇ ದಿನ ಕಾದು ಹೊಸ ಹೆಸರಿಟ್ಟುಬಿಡುವ ಉದಾರಿಗಳು. ‘ಎಷ್ಟು ಬಡಕಲಾಗಿತ್ತು ಗೊತ್ತಾ, ಮೈತುಂಬ ಉಣ್ಣೆಹುಳ, ಅಂಥವರಿಗೆ ವಾಪಸ್ ಕೊಡಬೇಕಾ?’ ಕಳೆದುಹೋದ ನಾಯಿ ಕೆಲವೇ ವಾರಗಳಲ್ಲಿ ಬಡಕಲಾಗುತ್ತದೆ ಕಣ್ರೀ. ಬೀದಿಯಲ್ಲಿದ್ದರೆ ಉಣ್ಣೆಹುಳ ಹತ್ತುತ್ತದೆ, ಕೂದಲು ಜಡೆಗಟ್ಟುತ್ತದೆ, ಕೈ ಎತ್ತಿದರೆ ಬೆದರುತ್ತದೆ. ಅದನ್ನು ನೋಡಿ ಮಾಲೀಕರು ಕಟುಕರು ಎಂದು ತೀರ್ಮಾನಿಸಲು ನೀವ್ಯಾರು? ಅವರಿನ್ನೂ ಪೋಸ್ಟರ್ ಅಂಟಿಸುತ್ತಾ ತಿರುಗುತ್ತಿದ್ದಾರೆ.