ಮಕ್ಕಳ ಸಿನಿಮಾ ಅಂತ ಹಗುರ ಮಾಡಬೇಡಿ

"ಮಕ್ಕಳ ಪಿಚ್ಚರ್ ಅಲ್ಲೇನ್ರಿ, ಏನ್ ತೋರಿಸಿದ್ರೂ ನಡೀತದ."

ಇವತ್ತು ಮಧ್ಯಾಹ್ನ ಹುಬ್ಬಳ್ಳಿಯ ಥಿಯೇಟರ್ ಒಂದರಲ್ಲಿ ಇಂಟರ್ವಲ್ ಹೊತ್ತಿಗೆ ಹಿಂದಿನ ಸಾಲಿನವರು ಆಡಿದ ಮಾತಿದು. ಅನಿಮೇಷನ್ ಸಿನಿಮಾವೊಂದರ ಎರಡನೇ ಭಾಗಕ್ಕೆ ಹೋಗಿದ್ದೆವು. ಅಷ್ಟರೊಳಗೆ ತಂಗಿ ಮಗ ನನ್ನ ಕಿವಿಯಲ್ಲಿ ಕೇಳಿಯಾಗಿತ್ತು: "ಮಾಮಾ, ಇದನ್ನ ಹೋದ ಸಲಾನ ಕಲ್ತಿದ್ನಲ್ಲ, ಮತ್ತ ಯಾಕ ಮರ್ತಾನ?"

ರೋಗ ಇದೇ ನೋಡಿ. ಎರಡನೇ ಭಾಗ ಮಾಡುವವರು ಮೊದಲನೆಯದರಲ್ಲಿ ನಾಯಕ ಕಲಿತದ್ದನ್ನೆಲ್ಲ ಅಳಿಸಿ, ಅದೇ ಪಾಠ ಮತ್ತೆ ಹೇಳುತ್ತಾರೆ. ಮೇಲೆ ಒಂದಿಷ್ಟು ಹೊಸ ಪ್ರಾಣಿ, ಜಾಸ್ತಿ ಗದ್ದಲ.

ಧಾರವಾಡದಲ್ಲಿ ಪ್ರತಿ ಬೇಸಿಗೆ ನಾನು ಮಕ್ಕಳಿಗೆ ನಾಟಕ ಕಲಿಸುತ್ತೇನೆ. ಮಕ್ಕಳಷ್ಟು ಕಟ್ಟುನಿಟ್ಟಿನ ಪ್ರೇಕ್ಷಕರು ಯಾರೂ ಇಲ್ಲ. ಬೇಸರ ಬಂದರೆ ಮುಲಾಜಿಗೆ ಕೂರುವುದಿಲ್ಲ, ಎದ್ದು ನೀರು ಕುಡಿಯಲು ಹೋಗಿಬಿಡುತ್ತಾರೆ.

'ಟಾಯ್ ಸ್ಟೋರಿ 2' ನೆನಪಿದೆಯಾ? ಜೀವ ಬಂದ ಗೊಂಬೆಗಳ ಅನಿಮೇಷನ್ ಸಿನಿಮಾ, 1999ರದ್ದು. ಅದನ್ನು ಮೊದಲು ಬರೀ ವಿಡಿಯೋ ಕ್ಯಾಸೆಟ್‌ಗೆ ಅಂತಲೇ ಶುರು ಮಾಡಿದ್ದರು. ಆಮೇಲೆ ಥಿಯೇಟರಿಗೆ ಅಂತಾಯಿತು. ಮಾಡಿದ್ದು ಚೆನ್ನಾಗಿಲ್ಲ ಅನ್ನಿಸಿದಾಗ ಕಥೆಯನ್ನೇ ಹೊಸದಾಗಿ ಕಟ್ಟಿ, ಸುಮಾರು ಒಂಬತ್ತು ತಿಂಗಳಲ್ಲಿ ಮುಗಿಸಿದರು. ಮಕ್ಕಳಿಗೆ ಇಷ್ಟು ಸಾಕು ಅಂತ ಬಿಡಲಿಲ್ಲ, ಅದು ದೊಡ್ಡದು.

ಅದರಲ್ಲೊಂದು ದೃಶ್ಯ. ಆಂಡಿ ಎಂಬ ಹುಡುಗನ ಗೊಂಬೆ ವುಡಿ. ಅವನ ಹರಿದ ಕೈ ಹೊಲಿಯಲು ಒಬ್ಬ ಮುದುಕ ಬರುತ್ತಾನೆ. ಕೈ ಹೊಲಿದು, ಕಣ್ಣು ಒರೆಸಿ, ಕೊನೆಗೆ ಬೂಟಿನ ಅಡಿಯಲ್ಲಿ ಬರೆದಿದ್ದ ಆಂಡಿಯ ಹೆಸರಿನ ಮೇಲೆ ಬಣ್ಣ ಬಳಿಯುತ್ತಾನೆ. ಹೆಸರು ಮಾಯ. ಗೊಂಬೆ ಹೊಸದಾಯಿತು, ಆದರೆ ಅದು ಈಗ ಯಾರದೂ ಅಲ್ಲ. ಮೊದಲ ಭಾಗದಲ್ಲಿ ವುಡಿಗೆ ಇದ್ದದ್ದು ತನ್ನ ಜಾಗಕ್ಕೆ ಇನ್ನೊಬ್ಬ ಬಂದನಲ್ಲ ಅನ್ನುವ ಭಯ. ಇಲ್ಲಿ ಆಂಡಿ ಒಂದು ದಿನ ದೊಡ್ಡವನಾಗಿ ಹೋಗಿಬಿಡುತ್ತಾನೆ ಅನ್ನುವ ಭಯ. ಗೊತ್ತಿದ್ದೂ ವುಡಿ ಆ ಬಣ್ಣ ಕೆರೆದು ಆಂಡಿಯ ಮನೆಗೆ ಹೊರಡುತ್ತಾನೆ. ನನಗೆ ಈಗಲೂ ಅಲ್ಲಿ ಕಣ್ಣು ತುಂಬುತ್ತದೆ.

ಎರಡನೇ ಭಾಗಕ್ಕೆ ಬೇಕಾದದ್ದು ಹೊಸ ಭಯ. ಯಾಕಂದರೆ ಮೊದಲನೆಯದನ್ನು ನೋಡಿದ ಮಗು ಅಷ್ಟರಲ್ಲಿ ಬೆಳೆದಿರುತ್ತದೆ. 'ಇನ್‌ಸೈಡ್ ಔಟ್' 2015ರಲ್ಲಿ ಬಂದಾಗ ಅದರ ನಾಯಕಿ, ರೈಲಿ ಎಂಬ ಹುಡುಗಿಗೆ 11 ವರ್ಷ. 2024ರ ಎರಡನೇ ಭಾಗದಲ್ಲಿ 13. ಆ ಎರಡೇ ವರ್ಷದಲ್ಲಿ ಹುಡುಗಿಯ ತಲೆಯೊಳಗೆ ಆತಂಕ, ಹೊಟ್ಟೆಕಿಚ್ಚು, ನಾಚಿಕೆ ಎಲ್ಲ ಬಂದು ಕೂತಿವೆ. ಹಾಕಿ ಆಟದ ನಡುವೆ ಎದೆ ಹೊಡೆದುಕೊಂಡು ಉಸಿರು ಸಿಗದೆ ಒದ್ದಾಡುತ್ತಾಳಲ್ಲ, ಹತ್ತನೇ ಕ್ಲಾಸಿನ ಎಷ್ಟು ಮಕ್ಕಳಲ್ಲಿ ನಾನದನ್ನು ನೋಡಿಲ್ಲ!

"ಮಕ್ಕಳಿಗೆ ಕೇಳಿದ್ದೇ ಕೇಳೋದು ಇಷ್ಟ" ಅನ್ನುತ್ತೀರಿ. ಇಷ್ಟ, ನಿಜ. ಆದರೆ ಅಜ್ಜಿ ಹೇಳುವ ಕಥೆಯಲ್ಲಿ ಒಂದು ಮಾತು ತಪ್ಪಿದರೂ ತಿದ್ದುವವರು ಅವರೇ. ಅವರಿಗೆ ಬೇಕಾದದ್ದು ಅದೇ ಕಥೆ, ಅದರ ಸವಕಲು ನಕಲು ಯಾಕೆ ಬೇಕು? ದುಡ್ಡಿನ ಮಾತು ತೆಗೆದರೆ, ರೈಲಿಯ ಎರಡನೇ ಭಾಗ 160 ಕೋಟಿ ಡಾಲರ್‌ಗೂ ಜಾಸ್ತಿ ಗಳಿಸಿದೆ. ಮುಗೀತಲ್ವಾ?

ಈಗ ನಮ್ಮಲ್ಲೂ ಇಂಥ ಅನಿಮೇಷನ್ ಸರಣಿ ಶುರುವಾಗಿದೆ. 2025ರಲ್ಲಿ 'ಮಹಾವತಾರ ನರಸಿಂಹ' ಕನ್ನಡದಲ್ಲೂ ಬಂತು. ಮುಂದಿನದು ಪರಶುರಾಮನ ಕಥೆ ಎಂದು ಘೋಷಿಸಿದ್ದಾರೆ. ಮಾಡುವವರಿಗೆ ಕೈಮುಗಿದು ಕೇಳುತ್ತೇನೆ, ಬರೀ ಯುದ್ಧ ದೊಡ್ಡದು ಮಾಡಬೇಡಿ. ಅಪ್ಪ ಹೇಳಿದನೆಂದು ಅವ್ವನ ಮೇಲೆ ಕೊಡಲಿ ಎತ್ತಿದವನ ಎದೆಯಲ್ಲಿ ಏನಾಯಿತು, ಅದನ್ನು ತೋರಿಸಿ. ಸವದತ್ತಿ ಯಲ್ಲಮ್ಮನ ಗುಡ್ಡ ಹತ್ತಿ ಬಂದ ಮಕ್ಕಳು ನಮ್ಮ ಕಡೆಯವರು. ಆ ಅವ್ವನ ಕಥೆ ಅವರಿಗೆ ಗೊತ್ತಿದೆ. ಎರಡು ತಾಸು ಸುಮ್ನೆ ಕೊಡಲಿ ಬೀಸಿಸಿ ಕಳಿಸಿದರೆ ಅವರು ಕೇಳೇ ಕೇಳುತ್ತಾರೆ.