ಸ್ಪಷ್ಟನೆ: ಆ ಚಿತ್ರಕ್ಕೆ ತಾನಾಗಿ ವಯಸ್ಸಾಗುವುದಿಲ್ಲ

ಷಿಕಾಗೊ ಮ್ಯೂಸಿಯಂನಲ್ಲಿ 1890ರ ಚಿತ್ರವೊಂದಿದೆ, ಅದರಲ್ಲಿದ್ದ ಚೆಂದದ ಯುವಕ ವರ್ಷ ಕಳೆದಂತೆ ತಾನಾಗಿ ಮುದುಕನಾಗಿದ್ದಾನೆ ಎಂಬ ವಾಟ್ಸಾಪ್ ಸಂದೇಶ ಓಡಾಡುತ್ತಿದೆ. ಕಳೆದ ವಾರ ನಾನೂ ಅದನ್ನು ಎರಡು ಗುಂಪುಗಳಿಗೆ ಕಳಿಸಿದ್ದೆ. ಅದು ತಪ್ಪು, ಕ್ಷಮಿಸಿ.

ಚಿತ್ರ ನಿಜ. ಮಾಯೆ ಮಾತ್ರ ಕಥೆಯದು. ಆಸ್ಕರ್ ವೈಲ್ಡ್ ಅವರ 'ದ ಪಿಕ್ಚರ್ ಆಫ್ ಡೋರಿಯನ್ ಗ್ರೇ' ಕಾದಂಬರಿ 1890ರಲ್ಲಿ ಪತ್ರಿಕೆಯೊಂದರಲ್ಲಿ ಮೊದಲು ಬಂತು. ಅದರಲ್ಲಿ ಡೋರಿಯನ್ ಯುವಕನಾಗಿಯೇ ಉಳಿಯುತ್ತಾನೆ. ಅವನ ವಯಸ್ಸು, ಅವನು ಮಾಡಿದ ಪಾಪ ಎಲ್ಲವೂ ಅವನ ಚಿತ್ರದ ಮೇಲೆ ಮೂಡುತ್ತವೆ. ಎಂಥ ಕಲ್ಪನೆ, ಅಲ್ವಾ!

ಸಂದೇಶದಲ್ಲಿರುವ ಚಿತ್ರವನ್ನು ಅಮೆರಿಕದ ಕಲಾವಿದ ಐವನ್ ಆಲ್‌ಬ್ರೈಟ್ 1943-44ರಲ್ಲಿ ಬರೆದರು, ಇದೇ ಕಥೆಯ ಸಿನಿಮಾಕ್ಕಾಗಿ. 1945ರಲ್ಲಿ ಬಂದ ಆ ಸಿನಿಮಾ ಕಪ್ಪುಬಿಳುಪು. ಚಿತ್ರವನ್ನು ತೋರಿಸುವ ಕೆಲವೇ ಕ್ಷಣ ತೆರೆಯ ಮೇಲೆ ಬಣ್ಣ ಬರುತ್ತದೆ. ಆ ಸಿನಿಮಾದಲ್ಲಿ ಕಾಣುವ ಯುವಕ ಡೋರಿಯನ್‌ನ ಚಿತ್ರ ಬೇರೆಯೇ, ಎನ್ರಿಕ್ ಮೆಡಿನಾ ಬರೆದದ್ದು. ಅಂದರೆ ಒಂದೇ ಕ್ಯಾನ್ವಾಸ್ ಬದಲಾದದ್ದಲ್ಲ, ಇವು ಎರಡು ಚಿತ್ರಗಳು. ಆಲ್‌ಬ್ರೈಟ್ ಚಿತ್ರ ಆರ್ಟ್ ಇನ್‌ಸ್ಟಿಟ್ಯೂಟ್ ಆಫ್ ಷಿಕಾಗೊ ಸಂಗ್ರಹದಲ್ಲಿದೆ. ಮ್ಯೂಸಿಯಂ ಕೊಡುವ ವಿವರದಲ್ಲೂ 1943-44 ಎಂದೇ ಇದೆ.

ದಯವಿಟ್ಟು ಆ ಸಂದೇಶವನ್ನು ಮುಂದೆ ಕಳಿಸಬೇಡಿ. ಈಗಾಗಲೇ ಕಳಿಸಿದ್ದರೆ, ಅದೇ ಗುಂಪಿಗೆ ಇದನ್ನೂ ಹಾಕಿ.